ಮೂರನೇ ಸಾಲಿನ ಐದನೇ ಮೊಳೆ

ಚಿನ್ನದ ಗಣಿಯಲ್ಲಿದ್ದವನು ಎಂದರೆ ಈಗಲೂ ಜನ ಕಣ್ಣರಳಿಸುತ್ತಾರೆ. ಚಿನ್ನ ನಾನು ಕಂಡದ್ದು ಹೆಂಡತಿಯ ಮೂಗಿನಲ್ಲಿ, ಅಷ್ಟೇ. ನನ್ನ ಕೆಲಸ ಹಿತ್ತಾಳೆಯದು. ಕೆಜಿಎಫ್‌ನ ಉರಿಗಾಂ ಕಡೆ, ಗಣಿಗೆ ಇಳಿಯುವ ಒಂದು ಶಾಫ್ಟಿನ ಬಾಯಿಗೆ ಎದುರಾಗಿ ಟೈಮ್ ಆಫೀಸು, ಅದಕ್ಕೊಂದು ಕಂಬಿ ಹಾಕಿದ ಕಿಟಕಿ, ಕಿಟಕಿಯ ಒಳಗೆ ನಾನು, ನನ್ನ ಬೆನ್ನ ಹಿಂದೆ ಸಾಲುಸಾಲಾಗಿ ಮೊಳೆ ಹೊಡೆದ ದೊಡ್ಡ ಹಲಗೆ. ಕೆಳಗಿಳಿಯುವ ಪ್ರತಿಯೊಬ್ಬನಿಗೂ ಒಂದು ಹಿತ್ತಾಳೆ ಟೋಕನ್, ಅದರ ಮೇಲೆ ಅವನ ನಂಬರು. ಇಳಿಯುವಾಗ ನನ್ನ ಕೈಯಿಂದ ತೆಗೆದುಕೊಂಡು ಹೋಗಬೇಕು, ಮೇಲೆ ಬಂದಾಗ ನನ್ನ ಕೈಗೇ ಕೊಡಬೇಕು, ನಾನು ಅದನ್ನು ಅವನ ಮೊಳೆಗೆ ನೇತುಹಾಕಬೇಕು. ಮೊಳೆ ಖಾಲಿ ಇದ್ದರೆ ಮನುಷ್ಯ ಭೂಮಿಯ ಒಳಗಿದ್ದಾನೆ ಎಂದು ಅರ್ಥ.

ನಾನು ಕೆಲಸಕ್ಕೆ ಸೇರಿದ ದಿನ ನನ್ನ ಮೇಲಿನ ಮುದುಕ ಗುಮಾಸ್ತರು ಒಂದು ಮಾತು ಹೇಳಿದ್ದರು. "ಇದು ಹಿತ್ತಾಳೆ ಅಂದ್ಕೊಬೇಡ ಕಣಯ್ಯ. ಒಬ್ಬೊಬ್ಬನ ಜೀವ. ಎಂಜಲು ಕೈಯಲ್ಲಿ ಮುಟ್ಟಬೇಡ, ಜೇಬಲ್ಲಿ ಇಟ್ಕೊಬೇಡ." ನಾನು ತಲೆಯಾಡಿಸಿದೆ. ಹೊಸದಾಗಿ ಕೆಲಸಕ್ಕೆ ಸೇರಿದವರು ಎಲ್ಲಕ್ಕೂ ತಲೆಯಾಡಿಸುತ್ತಾರೆ.

ಆ ಹಲಗೆಯನ್ನು ನನಗಿಂತ ಚೆನ್ನಾಗಿ ಬಲ್ಲವರು ಕಾರ್ಮಿಕರ ಹೆಂಡಂದಿರು. ಒಳಗೆ ಬಂಡೆ ಸಿಡಿದರೆ ನಮ್ಮ ಕಡೆ ನೆಲವೇ ನಡುಗುತ್ತಿತ್ತು, ಮನೆಗಳಲ್ಲಿ ಗೂಡಿನ ಮೇಲಿನ ಪಾತ್ರೆ ಬೀಳುತ್ತಿತ್ತು. ಅದಕ್ಕೆ ಏರ್‌ಬ್ಲಾಸ್ಟ್ ಎನ್ನುತ್ತಿದ್ದರು. ನೆಲ ನಡುಗಿತೋ, ಒಲೆ ಮೇಲಿದ್ದದ್ದನ್ನು ಹಾಗೇ ಬಿಟ್ಟು ಎಲ್ಲ ಹೆಂಗಸರೂ ನನ್ನ ಕಿಟಕಿಗೆ ಓಡಿಬರುತ್ತಿದ್ದರು. ಅವರಲ್ಲಿ ಮುಕ್ಕಾಲು ಪಾಲು ಜನಕ್ಕೆ ಅಂಕಿ ಓದಲು ಬರದು. ಅದಕ್ಕೇ ಆಯುಧಪೂಜೆಯ ದಿನ ನಾವು ಟೋಕನ್‌ಗಳನ್ನು ಹುಣಸೆಹಣ್ಣಿನಲ್ಲಿ ಉಜ್ಜಿ ಪೂಜೆ ಮಾಡುವಾಗ ಅವರು ಒಳಗೆ ಬಂದು ತಮ್ಮ ತಮ್ಮ ಗಂಡನ ಮೊಳೆಯ ಕೆಳಗೆ ಕುಂಕುಮದ ಬೊಟ್ಟು ಇಟ್ಟು ಹೋಗುತ್ತಿದ್ದರು. ರೂಲ್ಸಿನಲ್ಲಿ ಅದಕ್ಕೆ ಜಾಗವಿರಲಿಲ್ಲ. ನಾನು ಬಿಡುತ್ತಿದ್ದೆ. ಒಳ್ಳೆಯವನು ಅನ್ನಿಸಿಕೊಳ್ಳುವ ಚಟ ನನಗೆ ಮೊದಲಿನಿಂದಲೂ ಇತ್ತು.

ಮೂರನೇ ಸಾಲಿನ ಐದನೇ ಮೊಳೆ ನಮ್ಮ ಸೀಮೆಯವನೊಬ್ಬನದು. ನಾನು ಬೂದಿಕೋಟೆಯಿಂದ ಎರಡು ಮೈಲಿ ಆಚೆಯ ಹಳ್ಳಿಯವನು, ನಮ್ಮೂರಿಗೂ ಅವನ ಊರಿಗೂ ನಡುವೆ ಒಂದು ಕೆರೆ, ಅಷ್ಟೇ ದೂರ. ಗಂಡ ಹೆಂಡತಿ ಅಲ್ಲೇ ಕೋರಮಂಡಲ್ ಕಡೆ, ಗಣಿಯವರ ಲೈನ್ ಮನೆಯೊಂದರಲ್ಲಿದ್ದರು. ಸುತ್ತ ತಮಿಳು, ತೆಲುಗು ಕೇಳಿ ಕೇಳಿ ಸಾಕಾಗಿ, ನನ್ನನ್ನು ಕಂಡರೆ ಊರನ್ನೇ ಕಂಡಷ್ಟು ಖುಷಿ ಅವರಿಗೆ. "ರೈಟರಣ್ಣಾ, ಊರಿಗೊಂದ್ ಕಾಗ್ದ ಬರ್ಕೊಡಿ" ಎಂದು ಆ ಹೆಣ್ಣುಮಗಳು ಬರುತ್ತಿದ್ದಳು. ಬರೆದುಕೊಡುತ್ತಿದ್ದೆ. ಎಲ್ಲ ಕಾಗದದ ಕೊನೆಗೂ ಒಂದೇ ಸುದ್ದಿ: ಒಂದು ಹಸು ಕೊಳ್ಳಬೇಕು, ಯಾರದಾದರೂ ಇದ್ದರೆ ಹೇಳಿ.

ಅರವತ್ತರ ದಶಕ ಶುರುವಾಗಿತ್ತು. ಪೋಲೆಂಡ್ ಎಂಬ ದೇಶದಿಂದ ನಮ್ಮ ಉತ್ತರದ ಕಲ್ಲಿದ್ದಲ ಗಣಿಗಳಿಗೆ ಯಂತ್ರಗಳು ಬರುತ್ತಿದ್ದ ಕಾಲ. ಆ ಯಂತ್ರಗಳ ಮೇಲೆ ಸಿನಿಮಾ ತೆಗೆಯಲು ಬಂದಿದ್ದ ಅಲ್ಲಿನ ಡೈರೆಕ್ಟರೊಬ್ಬರು, ಚಿನ್ನದ ಗಣಿಯನ್ನೂ ನೋಡಬೇಕೆಂದು ಅಪ್ಪಣೆ ಪಡೆದು ಮೂರು ವಾರಕ್ಕೆ ಕೆಜಿಎಫ್‌ಗೆ ಬಂದರು. ಬಂಗಾರಪೇಟೆಯಲ್ಲಿ ಎಸ್ಸೆಸ್ಸೆಲ್ಸಿ ಪಾಸಾಗಿದ್ದ, ಇಂಗ್ಲಿಷ್, ತಮಿಳು, ತೆಲುಗು ಎಲ್ಲ ಬರುತ್ತಿದ್ದ ನನ್ನನ್ನು ಆಫೀಸಿನವರು ಅವರ ಜೊತೆಗೆ ಹಾಕಿದರು. ಬೆಳಿಗ್ಗೆ ಅವರೊಂದಿಗೆ ಸುತ್ತಾಟ, ಮಧ್ಯಾಹ್ನದ ಮೇಲೆ ನನ್ನ ಕಿಟಕಿ.

ನನಗೆ ಕೊಂಬು ಬಂತು. ಬಂಗಾರಪೇಟೆಯ ಟೆಂಟಿನಲ್ಲಿ ಒಂದೊಂದು ಸಿನಿಮಾವನ್ನು ಆರಾರು ಸಲ ನೋಡಿದವನು ನಾನು. ಪರದೆಯ ಮೇಲೆ ಮೊದಲು ಹೆಸರುಗಳು ಬರುವಾಗ, ಎಲ್ಲಾದರೂ ಒಂದು ಮೂಲೆಯಲ್ಲಿ ನನ್ನ ಹೆಸರೂ ಬಂದರೆ ಹೇಗಿರುತ್ತದೆ ಎಂದು ಕನಸು ಕಂಡವನು. ಆ ವಾರ ನಾನು ಷರ್ಟಿಗೆ ಇಸ್ತ್ರಿ ಹಾಕಿಸಿಕೊಂಡು ಓಡಾಡಿದ್ದನ್ನು ನೋಡಿ ನನ್ನ ಹೆಂಡತಿ, "ಏನು, ನಿಮ್ಮನ್ನೇ ಈರೋ ಮಾಡ್ತಾರಂತಾ?" ಎಂದು ಆಡಿಕೊಂಡಳು.

ಡೈರೆಕ್ಟರು ಕುಳ್ಳು ಮನುಷ್ಯ, ದಪ್ಪ ಗಾಜಿನ ಕನ್ನಡಕ, ಎಡಗಾಲು ಸ್ವಲ್ಪ ಎಳೆಯುತ್ತಿದ್ದರು. ಅವರ ಕ್ಯಾಮೆರಾಕ್ಕೆ ಗಡಿಯಾರದ ಹಾಗೆ ಕೀಲಿ ಕೊಡಬೇಕಿತ್ತು. ಕೀಲಿ ಕೊಟ್ಟರೆ ಗಿರ್ರೆಂದು ಸ್ವಲ್ಪ ಹೊತ್ತು ಓಡಿ ನಿಲ್ಲುತ್ತಿತ್ತು. ಲೈನ್ ಮನೆಗಳ ಜನ ಅವರಿಗೆ ಕೀಲಿ ದೊರೆ ಎಂದು ಹೆಸರಿಟ್ಟರು. ಹೆಸರಿನ ಅರ್ಥ ಹೇಳಿದಾಗ ಅವರು ಖುಷಿಯಾಗಿ ನಕ್ಕರು.

ಮೊದಲ ದಿನ ನಮ್ಮ ಹಲಗೆಯನ್ನು ಕಂಡವರೇ ಟೊಪ್ಪಿ ತೆಗೆದು ಕೈಯಲ್ಲಿ ಹಿಡಿದು ನಿಂತುಬಿಟ್ಟರು. ಅವರ ಅಪ್ಪ ಕಲ್ಲಿದ್ದಲ ಗಣಿಯವನಂತೆ. ಅವರ ಊರಿನಲ್ಲೂ ಹೀಗೇ ಹಿತ್ತಾಳೆಯ ನಂಬರು, ಹೀಗೇ ಹಲಗೆ. ಒಂದು ದಿನ ಅಪ್ಪನ ನಂಬರು ಹಲಗೆಗೆ ಬರಲಿಲ್ಲ. ಇವರಿಗೆ ಆಗ ಹನ್ನೊಂದು ವರ್ಷ. ಅದನ್ನು ಹೇಳುವಾಗ ಅವರು ನನ್ನ ಕಡೆ ನೋಡಲಿಲ್ಲ, ಹಲಗೆಯನ್ನೇ ನೋಡುತ್ತಿದ್ದರು.

ಮಿಕ್ಕ ಕಥೆಯನ್ನು ಉರಿಗಾಂ ಸ್ಟೇಷನ್ನಿನ ಹತ್ತಿರ ಟೀ ಕುಡಿಯುತ್ತಾ, ಬಂಗಾರಪೇಟೆಗೆ ಹೋಗುವ ರೈಲಿನಲ್ಲಿ ಕೂತು, ತುಂಡುತುಂಡಾಗಿ ಹೇಳಿದರು. ಯುದ್ಧದಲ್ಲಿ ಜರ್ಮನಿಯವರು ಇವರನ್ನು ಹಿಡಿದುಕೊಂಡು ಹೋಗಿ ಗಣಿಯಲ್ಲೇ ದುಡಿಸಿದರು, ಕಾಲು ಹೋದದ್ದು ಅಲ್ಲಿ. ಯುದ್ಧ ಮುಗಿದ ಮೇಲೆ ರಾಜಧಾನಿಗೆ ಹೋದರೆ ಊರೇ ಇಲ್ಲ, ಬರೀ ಇಟ್ಟಿಗೆಯ ಗುಡ್ಡೆ. ಆ ಗುಡ್ಡೆಗಳ ಮೇಲೆ ಒಬ್ಬ ಕ್ಯಾಮೆರಾ ಹಿಡಿದು ನಡೆಯುತ್ತಿದ್ದ. ಅವನ ಮುಕ್ಕಾಲಿ ಹೊತ್ತುಕೊಂಡು ಹಿಂದೆ ಹೋದರೆ ಅವನು ಬ್ರೆಡ್ಡು ಕೊಟ್ಟ. ಹಾಗೆ ಸಿನಿಮಾಕ್ಕೆ ಬಂದೆ ಎಂದರು. ಹೊಟ್ಟೆಗಾಗಿ.

ಆಮೇಲೆ ಸರ್ಕಾರ ತೆರೆದ ಸಿನಿಮಾ ಶಾಲೆ ಸೇರಿದರು. ಹೊರಗೆ ಬಂದು ತೆಗೆದ ಮೊದಲ ಚಿತ್ರವೇ ಗಣಿಯ ಒಂದು ಅಪಘಾತದ ಮೇಲೆ. ಆದರೆ ಇವರು ಕ್ಯಾಮೆರಾ ಹೊತ್ತು ಅಲ್ಲಿಗೆ ಸೇರುವಷ್ಟರಲ್ಲಿ ಎಲ್ಲ ಮುಗಿದಿತ್ತು. ಹೆಂಗಸೊಬ್ಬಳು ಗಂಡನನ್ನು ಹುಡುಕಿಕೊಂಡು ಗೇಟಿಗೆ ನಡೆದು ಬಂದದ್ದನ್ನು ಯಾರೋ ಹೇಳಿದರು. ಇವರು ಅವಳ ಮನೆಗೆ ಹೋಗಿ, ಇನ್ನೊಂದು ಸಲ ಹಾಗೇ ನಡೆದು ಬಾ ಎಂದು ಕೇಳಿದರು. ಅವಳು ಪಾಪ, ಮೂರು ಸಲ ನಡೆದಳು. ಚಿತ್ರಕ್ಕೆ ಬಹುಮಾನ ಬಂತು. ಊರಿನಲ್ಲಿ ಚಿತ್ರ ತೋರಿಸಿದ ದಿನ ಅವಳು ಇವರ ಹತ್ತಿರ ಬಂದು ಮೆಲ್ಲಗೆ ಹೇಳಿದಳಂತೆ: "ಮೊದಲ ಸಲ ನಡೆದಾಗ ಅವನು ಸತ್ತದ್ದು ನನಗೆ ಗೊತ್ತಿರಲಿಲ್ಲ. ಗೊತ್ತಾದ ಮೇಲೂ ನೀನು ನನ್ನನ್ನು ನಡೆಸಿದೆ."

"ಆವತ್ತಿನಿಂದ ಒಂದು ವ್ರತ," ಎಂದರು ಡೈರೆಕ್ಟರು. "ಯಾರಿಗೂ ಏನನ್ನೂ ಮಾಡು ಎಂದು ಹೇಳುವುದಿಲ್ಲ. ಇದ್ದದ್ದು ಇದ್ದ ಹಾಗೆ ಸಿಕ್ಕರೆ ಸರಿ, ಇಲ್ಲದಿದ್ದರೆ ಇಲ್ಲ." ಆ ವ್ರತ ಹಿಡಿದು ತೆಗೆದ ಎರಡನೆಯ ಚಿತ್ರದಲ್ಲಿ ದೊಡ್ಡವರ ಭಾಷಣದ ಮುಂದೆ ಗಣಿಯವರು ಕೂತಲ್ಲೇ ನಿದ್ದೆ ಮಾಡುವುದು ಹಾಗೇ ಬಂದುಬಿಟ್ಟಿತು. ಸರ್ಕಾರ ಅದನ್ನು ಡಬ್ಬಿಗೆ ಹಾಕಿ ಬೀಗ ಜಡಿಯಿತು. ಮೂರ್ನಾಲ್ಕು ವರ್ಷ ಕ್ಯಾಮೆರಾ ಮುಟ್ಟಲು ಬಿಡಲಿಲ್ಲ. ಆಗ ಪುಸ್ತಕ ಬರೆದರು. ಬರೆಯುವುದಕ್ಕೆ ಯಾರ ಡಬ್ಬಿಯೂ ಬೇಡವಲ್ಲ ಎಂದು ನಕ್ಕರು.

ನಾನು ಈ ಕಥೆಯನ್ನೆಲ್ಲ ಕೇಳಿದವನು. ಬೇರೆ ಯಾರೋ ಮೂರ್ಖ, ಏನೂ ತಿಳಿಯದೆ ಮಾಡಿದ ಅನ್ನುವ ಹಾಗಿಲ್ಲ. ಎದುರಿಗೆ ಕೂತು, ಟೀ ಗ್ಲಾಸು ಹಿಡಿದು, ಛೆ ಛೆ ಎನ್ನುತ್ತಾ ಕೇಳಿದವನು.

ಅವರಿಗೆ ಬೇಕಾಗಿದ್ದದ್ದು ಆ ಕಿಟಕಿಯ ಮುಂದೆ ಕಾಯುವ ಹೆಂಗಸರ ಮುಖ. ಆದರೆ ನಮ್ಮ ಜನ ಬಿಡಬೇಕಲ್ಲ! ಸಿನಿಮಾದವರು ಬಂದಿದ್ದಾರೆಂದು ಗೊತ್ತಾದದ್ದೇ ತಡ, ಹೆಂಗಸರು ದೀಪಾವಳಿ ಸೀರೆ ಉಟ್ಟು ಹೂ ಮುಡಿದು ನೀರು ಹಿಡಿಯಲು ಬಂದರು. ಗಂಡಸರು ಎಣ್ಣೆ ಹಚ್ಚಿ ಕ್ರಾಪು ತೆಗೆದು ಕೆಳಗಿಳಿದರು. ಒಬ್ಬನಂತೂ ಹಾರೆಯನ್ನು ಗದೆಯ ಹಾಗೆ ಹೆಗಲಿಗಿಟ್ಟು ದುರ್ಯೋಧನನಂತೆ ನಿಂತ. ಡೈರೆಕ್ಟರು ಯಾರನ್ನೂ ಬೈಯಲಿಲ್ಲ, ಕೀಲಿಯನ್ನೂ ಕೊಡಲಿಲ್ಲ. ದಿನಾ ಮಧ್ಯಾಹ್ನ ನನ್ನ ಕಿಟಕಿಗೆ ಎದುರಾಗಿ ಬೇವಿನ ಮರದ ಕೆಳಗೆ ಮುಕ್ಕಾಲಿ ಹೂಡಿ ಸುಮ್ಮನೆ ಕೂರುತ್ತಿದ್ದರು. ಚಿನ್ನ ತೆಗೆದು ಮಿಕ್ಕ ಪುಡಿಯನ್ನು ಸುರಿದ ಸೈನೈಡ್ ದಿಬ್ಬದ ಬಿಳಿ ಧೂಳು ಹಾರಿ ಬಂದು ಅವರ ಟೊಪ್ಪಿಯ ಮೇಲೆ ಕೂರುತ್ತಿತ್ತು. ಮೂರು ವಾರ ಮುಗಿಯುತ್ತ ಬಂತು. "ಸಿಗಲಿಲ್ಲ. ಪರವಾಗಿಲ್ಲ," ಎಂದರು. ಅವರ ಮುಖ ನೋಡಿದರೆ ಪರವಾಗಿಲ್ಲ ಎನ್ನುವ ಹಾಗಿರಲಿಲ್ಲ. ನನ್ನ ಮನೆಗೆ ಬಂದ ನೆಂಟ ಉಣ್ಣದೆ ಹೋಗುತ್ತಿದ್ದಾನೆ ಅನ್ನಿಸಿತು.

ಅವರು ಹೊರಡಲು ಎರಡು ದಿನ ಇತ್ತು. ಮಧ್ಯಾಹ್ನ, ಶಿಫ್ಟು ಬಿಡಲು ಇನ್ನೂ ಹೊತ್ತಿರುವಾಗ, ಐದನೇ ಮೊಳೆಯವನು ಮೇಸ್ತ್ರಿಯ ಚೀಟಿ ಹಿಡಿದು ಒಬ್ಬನೇ ಮೇಲೆ ಬಂದ. ಕೊಳಾಯಿಯಲ್ಲಿ ಮುಖ ತೊಳೆದು, ಒದ್ದೆ ಕೂದಲನ್ನು ಬೆರಳಲ್ಲೇ ಬಾಚಿಕೊಂಡು ಕಿಟಕಿಗೆ ಬಂದು ಟೋಕನ್ ಕೊಟ್ಟ.

"ಬಂಗಾರಪೇಟೆಗೆ ಓಗ್ಬತ್ತೀನಿ ರೈಟರಣ್ಣಾ. ನಮ್ ಕಡೆಯೋನೊಬ್ಬ ಸಂತೆಗೆ ಅಸ ತತ್ತಾವ್ನಂತೆ. ನಮ್ಮೋಳು ಈ ಕಡೆ ಬಂದ್ರೆ ಒಂದ್ ಮಾತು ಏಳ್ಬುಡಿ, ಊಟಕ್ಕೆ ಕಾಯೋದು ಬ್ಯಾಡ."

"ಆಗಲಿ ಓಗಪ್ಪ," ಎಂದೆ.

ಅವನು ತಿರುಗಿದವನು ಬೇವಿನ ಮರದ ಕೆಳಗೆ ಕ್ಯಾಮೆರಾ ಕಂಡು ನಿಂತ. ಕೈಕಟ್ಟಿಕೊಂಡು, ಹಲ್ಲು ಬಿಟ್ಟು ನಗುತ್ತಾ, "ದೊರೆ, ನಂದೂ ಒಂದ್ ಇಡೀರಿ!" ಎಂದ. ಡೈರೆಕ್ಟರಿಗೆ ಮಾತು ತಿಳಿಯದಿದ್ದರೂ ನಗು ತಿಳಿಯಿತು, ಕೀಲಿಗೆ ಕೈ ಹಾಕಿದರು. ಇದ್ದದ್ದೇ ಒಂದೆರಡು ರೀಲು, ಈ ಹಲ್ಲುಕಿರಿಯುವವನಿಗೆ ಅದನ್ನೂ ಸುರಿದುಬಿಡುತ್ತಾರಲ್ಲ ಎಂದು ನನಗೆ ರೇಗಿತು. "ಓಗಯ್ಯ ಓಗು, ರೈಲು ತಪ್ತದೆ! ಅಡ್ಡ ನಿಂತ್ಕೊಬೇಡ," ಎಂದು ಕಿಟಕಿಯಿಂದಲೇ ಕೈ ಬೀಸಿ ಅಟ್ಟಿದೆ. ಅವನು ಬೇಸರ ಮಾಡಿಕೊಳ್ಳಲಿಲ್ಲ. ನಗುತ್ತಲೇ ಸ್ಟೇಷನ್ನಿನ ಕಡೆ ಓಡಿದ.

ಟೋಕನ್ ಇನ್ನೂ ನನ್ನ ಕೈಯಲ್ಲೇ ಇತ್ತು. ಅಷ್ಟರಲ್ಲಿ ಫೋನು ಹೊಡೆದುಕೊಂಡಿತು. ಟೋಕನ್ನನ್ನು ಮೇಜಿನ ಮೇಲಿಟ್ಟು ಫೋನು ತೆಗೆದೆ, ಮಾತಾಡುತ್ತಾ ರಿಜಿಸ್ಟರು ತೆರೆದೆ, ಟೋಕನ್ ರಿಜಿಸ್ಟರಿನ ಅಡಿಗೆ ಹೋಯಿತು. ಇಲ್ಲಿಯ ತನಕ ನಾನು ಹೇಳುವುದೆಲ್ಲ ಬರೀ ಮರೆವು. ದೇವರಾಣೆ, ಮರೆವು.

ಸ್ವಲ್ಪ ಹೊತ್ತಿಗೆ ನೆಲ ನಡುಗಿತು. ದೊಡ್ಡದೇನಲ್ಲ, ಮೇಜಿನ ಮೇಲಿನ ಇಂಕಿನ ಬುಡ್ಡಿ ಅಲುಗಿತು, ಅಷ್ಟೇ. ಆದರೆ ಹೆಂಗಸರಿಗೆ ಅಷ್ಟು ಸಾಕು. ಓಡಿಬಂದರು. ಆವತ್ತು ಯಾರ ಮೈಮೇಲೂ ದೀಪಾವಳಿ ಸೀರೆ ಇರಲಿಲ್ಲ. ಹಿಟ್ಟಿನ ಕೈ, ಬಿಚ್ಚಿದ ಜಡೆ, ಒಬ್ಬಳ ಸೊಂಟದಲ್ಲಿ ಅರ್ಧ ಸ್ನಾನ ಮಾಡಿಸಿದ ಮಗು. ಎಲ್ಲರ ಕಣ್ಣೂ ನನ್ನ ಬೆನ್ನ ಹಿಂದಿನ ಹಲಗೆಯ ಮೇಲೆ. ಆಳುಗಳನ್ನು ಹೊತ್ತು ಕೇಜು ಮೇಲೆ ಬರತೊಡಗಿತು. ಯಾರಿಗೂ ಏನೂ ಆಗಿರಲಿಲ್ಲ. ಒಬ್ಬೊಬ್ಬನೇ ಟೋಕನ್ ಕೊಟ್ಟ, ನಾನು ನೇತುಹಾಕಿದೆ, ಒಬ್ಬೊಬ್ಬಳೇ ಉಸಿರು ಬಿಟ್ಟು ಹಿಂದೆ ಸರಿದಳು. ಕೊನೆಯ ಕೇಜು ಖಾಲಿಯಾದಾಗ ಕಿಟಕಿಯಲ್ಲಿ ಒಬ್ಬಳೇ ಉಳಿದಳು. ತಿರುಗಿ ನೋಡಿದೆ. ಮೂರನೇ ಸಾಲು, ಐದನೇ ಮೊಳೆ, ಅದರ ಕೆಳಗೆ ಅವಳೇ ಇಟ್ಟ ಕುಂಕುಮ.

"ಅಯ್ಯೋ" ಎಂದುಕೊಂಡು ರಿಜಿಸ್ಟರಿನ ಅಡಿಗೆ ಕೈ ಹಾಕಿದೆ. ಟೋಕನ್ ಸಿಕ್ಕಿತು. ತಲೆಯೆತ್ತಿದರೆ ಅವಳ ಮುಖ, ಅವಳ ಹೆಗಲಿನ ಆಚೆ ಬೇವಿನ ಮರ, ಮರದ ಕೆಳಗಿನಿಂದ ಡೈರೆಕ್ಟರು ಕ್ಯಾಮೆರಾವನ್ನು ಕೈಯಲ್ಲೆತ್ತಿ, ಕಣ್ಣನ್ನು ಅದಕ್ಕೆ ಅಂಟಿಸಿಕೊಂಡು ನಿಧಾನವಾಗಿ ಕಿಟಕಿಯ ಪಕ್ಕಕ್ಕೆ ಸುತ್ತಿ ಬರುತ್ತಿದ್ದಾರೆ. ಕ್ಯಾಮೆರಾದ ಗಿರ್ರೆನ್ನುವ ಸದ್ದು ಕೇಳಿಸಿತು. ಮೂರು ವಾರ ಕಾದದ್ದು ಅವರಿಗೆ ಸಿಕ್ಕಿಬಿಟ್ಟಿತ್ತು.

ನನ್ನ ಅಂಗೈ ಟೋಕನ್ನಿನ ಮೇಲೆ ಮುಚ್ಚಿಕೊಂಡಿತು. ಎತ್ತಿ ಜೇಬಿಗೆ ಹಾಕಿಕೊಂಡೆ. ಒಂದೇ ಒಂದು ಗಳಿಗೆ ಅಂದುಕೊಂಡೆ. ಯಾರಿಗೆ ಏನು ನಷ್ಟ, ಆಮೇಲೆ ಹೇಳಿದರಾಯಿತು, ನಕ್ಕುಬಿಡುತ್ತಾಳೆ.

"ರೈಟರಣ್ಣಾ, ನಮ್ಮನೆಯೋರ್ದು?"

"ಇನ್ನೂ ಬಂದಿಲ್ಲಮ್ಮ."

ನನ್ನ ಬಾಯಿಗೆ ಮಣ್ಣು ಹಾಕ. ಆ ಎರಡು ಪದ ಹೇಳುವಾಗ ನಾನು ತಡವರಿಸಲೂ ಇಲ್ಲ.

ಅವಳು ಅಳಲಿಲ್ಲ. ಅವನ ಜೊತೆಯವನೊಬ್ಬ ಇನ್ನೂ ಅಲ್ಲೇ ಇದ್ದ, ಅವನನ್ನು ಕೇಳಿದಳು. "ನಮಗಿಂತ ಮುಂಚೆನೇ ಕೇಜಿಗೆ ಅಂತ ಓದ್ನಲ್ಲಮ್ಮ," ಎಂದ ಅವನು. ಮುಂಚೆ ಹೋದವನ ಮೊಳೆ ಖಾಲಿ ಇದೆ ಎಂದರೆ ಅವನು ಕೇಜಿನವರೆಗೆ ತಲುಪಲೇ ಇಲ್ಲ ಎಂದಾಯಿತು. ಅವಳು ಎರಡೂ ಕೈಯಲ್ಲಿ ಕಂಬಿ ಹಿಡಿದುಕೊಂಡಳು. ಹಣೆಯನ್ನು ಕಂಬಿಗೆ ಒತ್ತಿ ಆ ಮೊಳೆಯನ್ನೇ ನೋಡಿದಳು, ನೋಡಿದರೆ ಬಂದು ಕೂತುಬಿಡುತ್ತದೆ ಎಂಬಂತೆ. ಆಮೇಲೆ ಮೊಳಕಾಲು ಮಡಚಿಕೊಂಡು ಹಾಗೇ ಕೆಳಗೆ ಕುಸಿದಳು, ಕೈ ಮಾತ್ರ ಕಂಬಿ ಬಿಡಲಿಲ್ಲ. ಕೀಲಿ ಮುಗಿಯಿತು, ಡೈರೆಕ್ಟರು ಮತ್ತೆ ಕೊಟ್ಟರು. ಮತ್ತೆ ಮುಗಿಯಿತು, ಮತ್ತೆ ಕೊಟ್ಟರು. ನಾನು ಕಾದೆ. ಹತ್ತು ನಿಮಿಷ ಇರಬಹುದು.

ಅಷ್ಟರಲ್ಲಿ ಫೋರ್‌ಮನ್ನಿಗೆ ಸುದ್ದಿ ಮುಟ್ಟಿ, ಹುಡುಕಲು ಕೆಳಗೆ ಜನ ಇಳಿಸಬೇಕೆಂದು ಓಡಿಬಂದರು. ಆಗ ನನಗೆ ನಿಜವಾಗಿ ಹೆದರಿಕೆಯಾಯಿತು. ಜೇಬಿಗೆ ಕೈ ಹಾಕಿ ಟೋಕನ್ ತೆಗೆದು, "ಅಯ್ಯಯ್ಯೋ! ಮೇಜಿನ ಮೇಲೇ ಇತ್ತಲ್ಲಾ! ಅವನು ಆಗಲೇ ಬಂದು ಕೊಟ್ಟು ಬಂಗಾರಪೇಟೆಗೆ ಹೋದ, ಹಸು ನೋಡೋಕೆ. ನಾನೇ ಮರೆತೆ," ಎಂದು ಕೂಗಿದೆ. ಹೆಂಗಸರೆಲ್ಲ ಒಮ್ಮೆಲೇ ನನ್ನ ಮೇಲೆ ಬಿದ್ದರು. ಒಬ್ಬ ತಮಿಳು ಮುದುಕಿ, "ಅಡ ಪಾವೀ! ಪಾಪೀ!" ಎಂದು ನೆಲಕ್ಕೆ ಉಗಿದಳು. ಆಮೇಲೆ ಎಲ್ಲ ನಕ್ಕರು. ಅವಳು ಮಾತ್ರ ಎದ್ದು ಕಂಬಿಯೊಳಗೆ ಕೈ ಚಾಚಿದಳು. ಟೋಕನ್ ಕೊಟ್ಟೆ. ಅಂಗೈಯಲ್ಲಿ ಹಿಡಿದು, ತಿರುಗಿಸಿ ನೋಡಿ, ನನ್ನ ಮುಖವನ್ನೊಮ್ಮೆ ನೋಡಿ, ವಾಪಸು ಕೊಟ್ಟು ಹೊರಟುಹೋದಳು.

ಡೈರೆಕ್ಟರು ಕನ್ನಡಕ ತೆಗೆದು ಒರೆಸಿಕೊಳ್ಳುತ್ತಿದ್ದರು. ಏನಾಯಿತು ಎಂದರು. ಅವಳ ಗಂಡ ಕ್ಷೇಮ, ಗುಮಾಸ್ತನ ತಪ್ಪು ಎಂದೆ. ಯಾವ ಗುಮಾಸ್ತ? ನಾನೇ. ಅವರು ನನ್ನನ್ನು ಗಟ್ಟಿಯಾಗಿ ತಬ್ಬಿಕೊಂಡರು. "ನೀನು ಮರೆತದ್ದು ನನ್ನ ಪುಣ್ಯ," ಎಂದರು. ಅಲ್ಲೇ ಹೇಳಬಹುದಿತ್ತು. ಹೇಳಲಿಲ್ಲ. ಅವರ ತೋಳಿನೊಳಗೆ ಸುಖವಾಗಿತ್ತು.

ವರ್ಷ ಕಳೆದ ಮೇಲೆ ಅವರಿಂದ ದೊಡ್ಡ ಲಕೋಟೆ ಬಂತು. ಚಿತ್ರ ಅವರ ದೇಶದಲ್ಲೂ ಹೊರಗೂ ಓಡುತ್ತಿದೆ, ನೋಡಿದವರೆಲ್ಲ ಆ ಮುಖದ ಬಗ್ಗೆಯೇ ಮಾತಾಡುತ್ತಾರೆ ಎಂದು ಬರೆದಿದ್ದರು. ಆ ಅನುಭವದ ಮೇಲೆ ಒಂದು ಪುಸ್ತಕವನ್ನೂ ಬರೆಯುತ್ತಿದ್ದರಂತೆ. "ನನ್ನ ಕೈ ಸೋಕದೆ ಸಿಕ್ಕ ಒಂದೇ ಮುಖ ಅದು. ಈಗ ನನ್ನ ಕೆಲಸ ನನಗೆ ಬರುತ್ತದೆ ಎಂದು ಹೇಳಿಕೊಳ್ಳಬಹುದು." ಜೊತೆಗೊಂದು ಫೋಟೊ, ಅವಳಿಗೆ ಕೊಡಲು. ಕಂಬಿ ಹಿಡಿದ ಎರಡು ಕೈ, ನಡುವೆ ಅವಳ ಮುಖ. ಕಿಟಕಿಯ ಅಂಚಿನಲ್ಲಿ ಹಲಗೆಯ ಒಂದು ಮೂಲೆ ಮಸುಕಾಗಿ ಕಾಣುತ್ತಿತ್ತು. ಕಾಗದದ ಕೊನೆಯಲ್ಲಿ, ಚಿತ್ರದ ಮೊದಲಿಗೆ ನನ್ನ ಹೆಸರೂ ಬರುತ್ತದೆ ಎಂದಿತ್ತು.

ಆ ಸಾಲನ್ನು ಓದಿ ನಾನು ಕಕ್ಕಸಿಗೆ ಹೋಗಿ ಬಾಗಿಲು ಹಾಕಿಕೊಂಡು ಅತ್ತೆ. ಫೋಟೊವನ್ನು ಟ್ರಂಕಿನಲ್ಲಿ ಬಟ್ಟೆಗಳ ಅಡಿಗೆ ತಳ್ಳಿದೆ.

ಆಮೇಲೂ ಅವಳು ಕಾಗದ ಬರೆಸಲು ಬರುತ್ತಿದ್ದಳು, ರೈಟರಣ್ಣಾ ಎಂದೇ ಕರೆಯುತ್ತಿದ್ದಳು. ಹಸು ಕೊಂಡಾಗಿತ್ತು, ಊರಿನಲ್ಲಿ ಅತ್ತೆಯ ಹತ್ತಿರ ಬಿಟ್ಟಿದ್ದರು. ಈಗ ಕಾಗದದ ತುಂಬ ಹಸುವಿನದೇ ಸುದ್ದಿ. ಒಂದು ಮಾತ್ರ ಗಮನಿಸಿದೆ. ನೆಲ ನಡುಗಿದಾಗ ಎಲ್ಲರೂ ಓಡಿಬಂದರೂ ಅವಳು ಬರುತ್ತಿರಲಿಲ್ಲ. ಬರದಿದ್ದರೆ ನನಗೆ ಸಮಾಧಾನವಾಗುತ್ತಿತ್ತು. ಎಂಥ ನೀಚ ಸಮಾಧಾನ.

ಅದಾಗಿ ಎರಡನೆಯ ವರ್ಷ, ಒಂದು ದಿನ ಬೆಳಿಗ್ಗೆ ಹತ್ತು ಗಂಟೆಯ ಹೊತ್ತಿಗೆ ಬಂಡೆ ಸಿಡಿಯಿತು. ಈ ಸಲ ಇಂಕಿನ ಬುಡ್ಡಿ ಅಲುಗಲಿಲ್ಲ, ನೆಲಕ್ಕೆ ಬಿದ್ದು ಒಡೆಯಿತು. ಮಧ್ಯಾಹ್ನದ ಹೊತ್ತಿಗೆ ಎಲ್ಲ ಮೊಳೆಗಳೂ ತುಂಬಿದವು, ಒಂದರ ಹೊರತು. ನಾನು ರಿಜಿಸ್ಟರಿನ ಅಡಿಗೆ ನೋಡಿದೆ. ಮೇಜಿನ ಕೆಳಗೆ ಬಗ್ಗಿ ನೋಡಿದೆ. ನನ್ನ ಜೇಬುಗಳನ್ನೆಲ್ಲ ಹೊರಗೆಳೆದು ನೋಡಿದೆ. ದೇವರೇ, ನಾನು ಮರೆತಿರಲಿ, ನಾನು ಕದ್ದಿರಲಿ ಎಂದು ಬೇಡಿಕೊಂಡೆ. ಕಿಟಕಿಯ ಮುಂದೆ ಅಷ್ಟು ಹೆಂಗಸರು, ಅವಳಿಲ್ಲ. ಕೆಳಗಿನಿಂದ ಸುದ್ದಿ ಬಂತು. ಮನೆಗೆ ಹೋಗಿ ಹೇಳು, ನಿಮ್ಮ ಕಡೆಯವರಲ್ಲವಾ ಎಂದರು.

ಓಡಿದೆ. ಅವಳು ಬಾಗಿಲಲ್ಲಿ ಕೂತು ಅವರೆಕಾಯಿ ಸುಲಿಯುತ್ತಿದ್ದಳು. "ಬನ್ನಿ ರೈಟರಣ್ಣಾ, ಇದೇನು ಇಷ್ಟೊತ್ನಲ್ಲಿ," ಎಂದಳು.

"ಅಮ್ಮಾ, ನಿಮ್ಮ ಯಜಮಾನರು ಮೇಲೆ ಬರಲಿಲ್ಲ. ಮೊಳೆ ಖಾಲಿ ಇದೆ."

ಅವಳು ಕಾಯಿ ಸುಲಿಯುವುದನ್ನು ನಿಲ್ಲಿಸಲಿಲ್ಲ. ನಕ್ಕಳು. "ಮತ್ತೆ ಸಿನ್ಮಾದೋರು ಬಂದವ್ರಾ?"

"ಇಲ್ಲಮ್ಮ. ನಿಜ. ಬಂಡೆ ಬಿತ್ತು."

"ಊರಿಗ್ ಓಗವ್ರೆ ಬುಡಿ. ಅಸ ಗಬ್ಬ ಅದೆ, ಒಂದ್ ಗಳಿಗೆ ಮುಂಚೆ ಬಿಟ್ರೆ ಅಂಗೇ ರೈಲತ್ತಿ ನೋಡ್ಕಂಡ್ ಬತ್ತೀನಿ ಅಂದಿದ್ರು."

ಮೂರನೆಯ ಸಲ ಹೇಳಿದೆ. ಏನು ಹೇಳಿದೆನೋ ನೆನಪಿಲ್ಲ. ಅವಳು ನನ್ನ ಮುಖ ನೋಡಲಿಲ್ಲ, ನನ್ನ ಮುಖದ ಮೇಲೆ ಅವಳಿಗೆ ನಂಬಿಕೆ ಇರಲಿಲ್ಲ. ಕಾಲು ನೋಡಿದಳು. ಚಪ್ಪಲಿ ಎಲ್ಲೋ ಕಳಚಿ ಬಿದ್ದಿತ್ತು, ಹೆಬ್ಬೆರಳು ಎಡವಿ ರಕ್ತ ಸೋರುತ್ತಿತ್ತು. ಆಗ ಮಡಿಲಿನ ಕಾಯಿಯೆಲ್ಲ ಚೆಲ್ಲಿ ಎದ್ದಳು.

ತಿಥಿ ಮುಗಿಸಿ ಅವಳು ಊರಿಗೆ ಹೊರಟುಹೋದಳು. ನಾನು ಡೈರೆಕ್ಟರಿಗೆ ಕಾಗದ ಬರೆದೆ. ಬೇರೆಯವರಿಗೆ ನೂರಾರು ಕಾಗದ ಬರೆದುಕೊಟ್ಟವನಿಗೆ ನನ್ನದೊಂದು ಬರೆಯಲು ತಿಂಗಳು ಹಿಡಿಯಿತು. ಟೋಕನ್, ಜೇಬು, ಎಲ್ಲ ಬರೆದೆ. ಉತ್ತರ ನಾಲ್ಕೇ ಸಾಲು. "ಮೂರು ಸಲ ನಡೆಸಿದವನು ನಾನು. ನೀನು ನನ್ನಿಂದಲೇ ಕಲಿತಿರಬೇಕು. ಕ್ಷಮಿಸಲು ನಾನು ಯಾರು? ಅವಳಿಗೆ ಹೇಳಿದೆಯಾ?" ಅವರು ಮತ್ತೆ ಕ್ಯಾಮೆರಾ ಮುಟ್ಟಲಿಲ್ಲ, ಬರೀ ಪುಸ್ತಕ ಬರೆಯುತ್ತಿದ್ದಾರೆ ಎಂದು ಆಮೇಲೆ ಯಾವುದೋ ಇಂಗ್ಲಿಷ್ ಪತ್ರಿಕೆಯಲ್ಲಿ ಓದಿದೆ. ನನ್ನಿಂದಲೇ ಎಂದು ಹೇಳುವುದಿಲ್ಲ. ಹಾಗೆ ಹೇಳಿಕೊಳ್ಳುವುದೂ ಒಂದು ಜಂಬವೇ.

ಅವಳಿಗೆ ಹೇಳಲು ನನಗೆ ಇನ್ನೆರಡು ವರ್ಷ ಬೇಕಾಯಿತು. ಬಂಗಾರಪೇಟೆಯಿಂದ ಬೂದಿಕೋಟೆಗೆ ಬಸ್ಸು, ಅಲ್ಲಿಂದ ನಡಿಗೆ, ಕಂಕುಳಲ್ಲಿ ಆ ಲಕೋಟೆ. ಅವಳು ಕೊಟ್ಟಿಗೆಯಲ್ಲಿ ಹಾಲು ಕರೆಯುತ್ತಿದ್ದಳು. ಈಗ ಎರಡು ಹಸು, ತಾಯಿ ಮಗಳು. "ಕುಂತ್ಕಳಿ ರೈಟರಣ್ಣಾ, ಇದೊಂದ್ ಮುಗುಸ್ಬುಡ್ತೀನಿ," ಎಂದಳು. ಕೂತರೆ ಹೇಳಲಾಗುವುದಿಲ್ಲ ಎಂದು ನಿಂತೇ ಹೇಳಿದೆ.

ಚೊಂಬಿಗೆ ಹಾಲು ಬೀಳುವ ಸದ್ದು ನಿಲ್ಲಲಿಲ್ಲ.

"ಗೊತ್ತಿತ್ತು," ಎಂದಳು. "ಮೇಜಿನ್ ಮೇಲಿತ್ತು ಅಂದ್ರಿ, ಜೋಬಿಂದ ತೆಗುದ್ರಿ. ನಾನೇನ್ ಕುರುಡೀನಾ? ಅವ್ರಿಗೆ ಆವತ್ತು ಸಂಜೆನೇ ಏಳ್ದೆ. ಓಗಿ ಕೇಳಣ ಅಂದ್ರೆ, ಬ್ಯಾಡ ಬುಡೇ, ನಮ್ ಕಡೆಯೋನು, ಕೆಲ್ಸ ಗಿಲ್ಸ ಓದಾತು ಅಂದ್ರು."

ಸತ್ತವನು ನನ್ನ ಕೆಲಸ ಉಳಿಸಿದ್ದ. ಲಕೋಟೆ ಕೊಟ್ಟೆ. ಅವಳು ಸೆರಗಿಗೆ ಕೈ ಒರೆಸಿಕೊಂಡು ಫೋಟೊ ತೆಗೆದು ನೋಡಿದಳು. ತನ್ನ ಮುಖವನ್ನು ಹೆಚ್ಚು ಹೊತ್ತು ನೋಡಲಿಲ್ಲ. ಬೆರಳು ಫೋಟೊದ ಮೂಲೆಗೆ ಹೋಯಿತು, ಅಲ್ಲಿ ಏನನ್ನೋ ಹುಡುಕಿತು.

"ಆ ಸಿನ್ಮಾದಲ್ಲಿ ಅವ್ರು ಎಲ್ಲಾದ್ರೂ ಬತ್ತಾರಾ ಅಣ್ಣಾ? ಒಂದ್ ಚೂರು? ಅವರ್ದು ಒಂದು ಪಟಾನೂ ಇಲ್ಲ ನಂತಾವ. ಒಂದೊಂದ್ ದಪ ಮಕ ನೆಪ್ಪೇ ಆಗಕಿಲ್ಲ."

ಇಲ್ಲ ಎಂದು ಅಷ್ಟಕ್ಕೇ ಬಾಯಿ ಮುಚ್ಚಬಹುದಿತ್ತು. ಅಲ್ಲಿಯ ತನಕ ನಾನು ಅದನ್ನೊಂದು ತಪ್ಪು ಎಂದುಕೊಂಡೇ ಇರಲಿಲ್ಲ. ಹೇಳಿದೆ. ಆವತ್ತು ಅವರು ಮುಖ ತೊಳೆದು, ಕೂದಲು ಬಾಚಿಕೊಂಡು, ಕೈಕಟ್ಟಿಕೊಂಡು ನಗುತ್ತಾ ಕ್ಯಾಮೆರಾದ ಮುಂದೆ ನಿಂತಿದ್ದರು, ನಂದೂ ಒಂದು ಹಿಡಿಯಿರಿ ದೊರೆ ಎಂದರು, ದೊರೆ ಕೀಲಿಗೆ ಕೈ ಹಾಕಿದ್ದರು, ನಾನು ಅಟ್ಟಿಬಿಟ್ಟೆ.

ಅವಳು ಫೋಟೊವನ್ನು ಕೆಳಗಿಟ್ಟಳು. "ನಗ್ತಿದ್ರಾ?" ಎಂದಳು.

"ನಗ್ತಿದ್ರು."

ಹಸುವಿನ ಬೆನ್ನಿನ ಮೇಲೆ ಕೈ ಇಟ್ಟಳು. ಆಮೇಲೆ, ನನ್ನ ಸುಳ್ಳಿಗೆ ಅಳದವಳು, ಸೆರಗನ್ನು ಬಾಯಿಗೆ ತುರುಕಿಕೊಂಡು ಅತ್ತಳು. "ಅದೊಂದ್ ಬುಟ್ಟಿದ್ರೆ ಆಗಿತ್ತಲ್ಲ ಅಣ್ಣಾ," ಎಂದಳು. "ಅದೊಂದ್ ಬುಟ್ಟಿದ್ರೆ ಆಗಿತ್ತಲ್ಲ."

ಹೊರಡುವಾಗ ಅವಳು ಫೋಟೊವನ್ನು ನನ್ನ ಕೈಗೇ ವಾಪಸು ಕೊಟ್ಟಳು. ಅದು ಈಗಲೂ ನನ್ನ ಟ್ರಂಕಿನಲ್ಲಿದೆ.